ಸರ್ ಎಂ. ವಿಶ್ವೇಶ್ವರಯ್ಯನವರು: ದುಡಿಮೆ, ಬಂಡವಾಳ ಮತ್ತು ಸೂರು

ಕಳೆದ ಮಳೆಗಾಲದಲ್ಲಿ ನಾನು ಒಂಬತ್ತನೆಯ ತರಗತಿಯ ವಿದ್ಯಾರ್ಥಿಗಳಿಗೆ ಬಡತನದ ಕಾರಣಗಳು ಎಂಬ ವಿಷಯವನ್ನು ಕೊಟ್ಟು ಪ್ರಬಂಧ ಬರೆಯಿಸಿದೆನು. ಬಹುಮಂದಿ ವಿದ್ಯಾರ್ಥಿಗಳು ಸೋಮಾರಿತನವೇ ಬಡತನಕ್ಕೆ ಮೂಲವೆಂದೂ, ಮೈಮುರಿದು ದುಡಿಯುವವನ ಹತ್ತಿರಕ್ಕೆ ಬಡತನವು ಸುಳಿಯದೆಂದೂ ಬರೆದು, ಕಾಯಕದ ಮಹಿಮೆಯನ್ನು ಕೊಂಡಾಡಿ ಮುಗಿಸಿದ್ದರು. ಒಬ್ಬ ಹುಡುಗನು ಮಾತ್ರ ಅರ್ಧ ಪುಟವನ್ನಷ್ಟೇ ತುಂಬಿದ್ದನು. ತನ್ನ ತಂದೆಯು ಬೆಳಗಿನ ಜಾವವೇ ಎದ್ದು, ನಗರದ ಪಶ್ಚಿಮಕ್ಕೆ ಏಳುತ್ತಿರುವ ಮೂವತ್ತು ಅಂತಸ್ತಿನ ಕಟ್ಟಡವೊಂದಕ್ಕೆ ಸೆಂಟ್ರಿಂಗ್ ಕೆಲಸಕ್ಕೆ ಹೋಗುವರೆಂದೂ, ಕತ್ತಲಾದ ಮೇಲೆಯೇ ಮರಳುವರೆಂದೂ, ತಾಯಿಯು ಎರಡು ಮನೆಗಳಲ್ಲಿ ಪಾತ್ರೆ ತೊಳೆಯುವರೆಂದೂ, ಆದರೂ ತಾವೆಲ್ಲರೂ ತಗಡು ಹೊದಿಸಿದ ಒಂದೇ ಕೋಣೆಯಲ್ಲಿ ಬಾಡಿಗೆಗೆ ಇರುವೆವೆಂದೂ ಬರೆದು, ಇವರಲ್ಲಿ ಸೋಮಾರಿ ಯಾರೆಂದು ಕೇಳಿ ನಿಲ್ಲಿಸಿದ್ದನು.

ಆ ದಿನ ನಾನು ಆ ಪ್ರಶ್ನೆಗೆ ಉತ್ತರ ಕೊಡಲಾರದೆ ಹೋದೆನು. ನಾನೂ ರಾಯಚೂರು ಸೀಮೆಯ ಹಳ್ಳಿಯೊಂದರ ಕನ್ನಡ ಶಾಲೆಯಲ್ಲಿ ಹತ್ತನೆಯ ತರಗತಿಯವರೆಗೆ ಓದಿ, ಹೊಟ್ಟೆಪಾಡಿಗಾಗಿ ಈ ಹೈದರಾಬಾದಿಗೆ ಬಂದವನು. ಹನ್ನೊಂದು ವರ್ಷಗಳಲ್ಲಿ ಐದು ಬಾಡಿಗೆ ಮನೆಗಳನ್ನು ಬದಲಾಯಿಸಿದವನು. ಪ್ರಬಂಧಗಳನ್ನು ತಿದ್ದುತ್ತ ಕುಳಿತಾಗ ತರಗತಿಯ ಗೋಡೆಯ ಮೇಲಿನ ಚಿತ್ರಪಟವೊಂದು ಕಣ್ಣಿಗೆ ಬಿದ್ದಿತು. ಮೈಸೂರು ಪೇಟವನ್ನು ಧರಿಸಿದ ಆ ಮಹನೀಯರನ್ನು ನೀವೆಲ್ಲರೂ ಬಲ್ಲಿರಿ. ದುಡಿಮೆಯನ್ನು ಕುರಿತು ಅವರಷ್ಟು ಯೋಚಿಸಿದವರು ನಮ್ಮ ದೇಶದಲ್ಲಿ ವಿರಳ. ನಮ್ಮ ಈ ನಗರಕ್ಕೂ ಅವರಿಗೂ ಇರುವ ನಂಟು ಬಲು ಹತ್ತಿರದ್ದು. ಆದುದರಿಂದ ಆ ಹುಡುಗನ ಪ್ರಶ್ನೆಯನ್ನು ಮುಂದಿಟ್ಟುಕೊಂಡೇ ಅವರ ಜೀವನವನ್ನು ಮತ್ತೊಮ್ಮೆ ಓದಿದೆನು. ಓದಿ ತಿಳಿದುದನ್ನು ಇಲ್ಲಿ ನಿಮ್ಮ ಮುಂದಿಡುವೆನು.

ಮೋಕ್ಷಗುಂಡಂ ವಿಶ್ವೇಶ್ವರಯ್ಯನವರು 1861ನೆಯ ಇಸವಿ ಸೆಪ್ಟೆಂಬರ್ 15ರಂದು ಚಿಕ್ಕಬಳ್ಳಾಪುರದ ಸಮೀಪದ ಮುದ್ದೇನಹಳ್ಳಿಯಲ್ಲಿ ಜನಿಸಿದರು. ತಂದೆ ಶ್ರೀನಿವಾಸ ಶಾಸ್ತ್ರಿಗಳು, ತಾಯಿ ವೆಂಕಟಲಕ್ಷ್ಮಮ್ಮನವರು. ಅವರ ಪೂರ್ವಿಕರು ಆಂಧ್ರ ದೇಶದ ಮೋಕ್ಷಗುಂಡವೆಂಬ ಊರಿನಿಂದ ಕನ್ನಡ ನಾಡಿಗೆ ಬಂದು ನೆಲಸಿದವರು. ಹೀಗೆ ಮನೆಯಲ್ಲಿ ತೆಲುಗು, ಬೀದಿಯಲ್ಲಿ ಕನ್ನಡ ಎಂಬ ರೀತಿಯಲ್ಲಿ ಬೆಳೆದ ಬಾಲಕನ ಸ್ಥಿತಿಯನ್ನು, ಮನೆಯಲ್ಲಿ ಕನ್ನಡವನ್ನೂ ಬೀದಿಯಲ್ಲಿ ತೆಲುಗು ಉರ್ದುಗಳನ್ನೂ ಆಡುವ ನೀವು ಸುಲಭವಾಗಿ ಊಹಿಸಬಲ್ಲಿರಿ. ಹುಡುಗನಾಗಿರುವಾಗಲೇ ತಂದೆಯು ತೀರಿಕೊಂಡರು. ಮನೆಯಲ್ಲಿ ವಿದ್ಯೆಗೆ ಗೌರವವಿದ್ದಿತೇ ಹೊರತು ಹಣವಿರಲಿಲ್ಲ.

ಸೋದರಮಾವನ ಆಶ್ರಯದಲ್ಲಿ ಬೆಂಗಳೂರನ್ನು ಸೇರಿದ ವಿಶ್ವೇಶ್ವರಯ್ಯನವರು, ಕೊಡಗಿನ ಕುಟುಂಬವೊಂದರ ಮಕ್ಕಳಿಗೆ ಮನೆಪಾಠ ಹೇಳಿ ತಮ್ಮ ಓದಿನ ಖರ್ಚನ್ನು ನಿಭಾಯಿಸಿಕೊಂಡರು. 1881ರಲ್ಲಿ ಸೆಂಟ್ರಲ್ ಕಾಲೇಜಿನಿಂದ ಬಿ.ಎ. ಪದವಿಯನ್ನು ಪಡೆದರು. ಬಳಿಕ ಮೈಸೂರು ಸರಕಾರವು ವಿದ್ಯಾರ್ಥಿವೇತನವನ್ನು ಕೊಟ್ಟು ಅವರನ್ನು ಪುಣೆಯ ವಿಜ್ಞಾನ ಕಾಲೇಜಿಗೆ ಕಳುಹಿಸಿತು. ಅಲ್ಲಿ 1883ರಲ್ಲಿ ಇಂಜಿನಿಯರಿಂಗ್ ಪರೀಕ್ಷೆಯಲ್ಲಿ ಪ್ರಥಮ ಸ್ಥಾನದಲ್ಲಿ ತೇರ್ಗಡೆ ಹೊಂದಿದರು.

ವಿದ್ಯಾರ್ಥಿಗಳೇ, ಈ ಭಾಗವನ್ನು ಓದುವಾಗ ನಾವು ಸಾಮಾನ್ಯವಾಗಿ ಅವರ ಪರಿಶ್ರಮವನ್ನಷ್ಟೇ ಕೊಂಡಾಡುವೆವು. ಪರಿಶ್ರಮವು ನಿಜವಾದುದೇ. ಆದರೆ ತಲೆಯ ಮೇಲೆ ಸೋದರಮಾವನ ಸೂರು ಇಲ್ಲದಿದ್ದರೆ, ಜನರ ತೆರಿಗೆಯಿಂದ ಬಂದ ಆ ವಿದ್ಯಾರ್ಥಿವೇತನವು ಇಲ್ಲದಿದ್ದರೆ, ಅದೇ ಪರಿಶ್ರಮವು ಎಲ್ಲಿಗೆ ಮುಟ್ಟುತ್ತಿತ್ತು? ಒಬ್ಬನು ಮೇಲೆ ಬಂದುದನ್ನು ಕಂಡಾಗ ಅವನ ತೋಳ್ಬಲವನ್ನು ಎಣಿಸುವಂತೆಯೇ, ಅವನ ಕಾಲ ಕೆಳಗಿದ್ದ ಮೆಟ್ಟಿಲನ್ನೂ ಎಣಿಸಬೇಕು.

1884ರಲ್ಲಿ ಅವರು ಮುಂಬಯಿ ಸರಕಾರದ ಲೋಕೋಪಯೋಗಿ ಇಲಾಖೆಯನ್ನು ಸೇರಿದರು. ಮುಂದಿನ ಕಾಲು ಶತಮಾನ ಅವರ ಕೆಲಸವೆಲ್ಲವೂ ಬಹುಪಾಲು ನೀರಿನದು. ಸಿಂಧ್ ಪ್ರಾಂತದ ಸಕ್ಕರ್ ಪಟ್ಟಣಕ್ಕೆ ಶುದ್ಧವಾದ ಕುಡಿಯುವ ನೀರನ್ನು ಒದಗಿಸಿದರು. ದಕ್ಷಿಣದ ಕಾಲುವೆಗಳಲ್ಲಿ ಬ್ಲಾಕ್ ಪದ್ಧತಿ ಎಂಬ ಹೊಸ ಕ್ರಮವನ್ನು 1899ರ ಹೊತ್ತಿಗೆ ಜಾರಿಗೆ ತಂದರು. ಕಾಲುವೆಯ ನೀರು ಕೆಲವೇ ಊರುಗಳ ಗದ್ದೆಗಳಲ್ಲಿ ಮಿತಿಯಿಲ್ಲದೆ ಹರಿದು ಪೋಲಾಗುವುದರ ಬದಲು, ಭೂಮಿಯನ್ನು ಪಾಲುಗಳಾಗಿ ವಿಂಗಡಿಸಿ, ಬೆಳೆಗಳನ್ನು ಸರದಿಯ ಮೇಲೆ ಬೆಳೆಸಿ, ಅದೇ ನೀರನ್ನು ಹೆಚ್ಚು ಊರುಗಳಿಗೆ ಹಂಚುವುದು ಆ ಕ್ರಮದ ಹುರುಳಾಗಿತ್ತು. ಮೊದಮೊದಲು ವಿರೋಧ ಬಂದಿತು. ಅವರು ಅದನ್ನು ತಾಳ್ಮೆಯಿಂದ ಎದುರಿಸಿದರು. ಪುಣೆಯ ಬಳಿಯ ಖಡಕವಾಸಲಾ ಜಲಾಶಯಕ್ಕೆ 1903ರಲ್ಲಿ, ನೀರು ಮಿತಿಮೀರಿ ಏರಿದಾಗ ತಾವಾಗಿಯೇ ತೆರೆದುಕೊಳ್ಳುವ ಬಾಗಿಲುಗಳನ್ನು ಅಳವಡಿಸಿದರು. ಆ ಬಾಗಿಲುಗಳಿಗೆ ಅವರ ಹೆಸರಿನಲ್ಲಿ ಪೇಟೆಂಟ್ ಹಕ್ಕು ದೊರೆಯಿತು. ಆದರೆ ತಾವು ಸರಕಾರದ ಸೇವೆಯಲ್ಲಿದ್ದು ಮಾಡಿದ ಕೆಲಸವೆಂದು, ಅದರಿಂದ ಬರಬಹುದಾದ ಹಣವನ್ನು ಅವರು ಸ್ವೀಕರಿಸಲಿಲ್ಲ.

ಈ ನಡುವೆ 1898ರಲ್ಲಿ ಅವರು ಜಪಾನಿಗೆ ಹೋಗಿ ಬಂದರು. ನಮ್ಮಂತೆಯೇ ಏಷ್ಯಾದ ದೇಶವೊಂದು ಕೆಲವೇ ದಶಕಗಳಲ್ಲಿ ಎಲ್ಲ ಮಕ್ಕಳನ್ನೂ ಶಾಲೆಗೆ ಕಳುಹಿಸಿ, ಕಾರ್ಖಾನೆಗಳನ್ನು ಕಟ್ಟಿ, ಪಶ್ಚಿಮದ ರಾಷ್ಟ್ರಗಳಿಗೆ ಸರಿಸಮನಾಗಿ ನಿಲ್ಲುತ್ತಿರುವುದನ್ನು ಅವರು ಕಣ್ಣಾರೆ ಕಂಡರು. ಯಂತ್ರ, ಶಿಸ್ತು, ಶಿಕ್ಷಣ ಈ ಮೂರರಿಂದಲೇ ಬಡತನವನ್ನು ಓಡಿಸಬಹುದೆಂಬ ನಂಬಿಕೆಯು ಅವರಲ್ಲಿ ಬೇರೂರಿತು. ಅಂದಿನಿಂದ ಅವರ ಜೀವನವೆಲ್ಲ ಆ ನಂಬಿಕೆಯ ಪ್ರಯೋಗವೇ ಆಯಿತು.

ಇಲ್ಲಿ ಬಂಡವಾಳಶಾಹಿ ಎಂಬ ಮಾತನ್ನು ಸ್ವಲ್ಪ ತಿಳಿದುಕೊಳ್ಳುವುದು ಒಳ್ಳೆಯದು. ನೆಲ, ಯಂತ್ರ, ಹಣ ಇವು ಕೆಲವರ ಸ್ವತ್ತಾಗಿದ್ದು, ಉಳಿದವರು ತಮ್ಮ ದುಡಿಮೆಯನ್ನು ಕೂಲಿಗೆ ಮಾರಿ ಬದುಕುವ, ಲಾಭವು ಎಲ್ಲಿ ಹೆಚ್ಚೋ ಅಲ್ಲಿಗೆ ಹಣವು ಹರಿಯುವ ವ್ಯವಸ್ಥೆಗೆ ಆ ಹೆಸರು. ಈ ವ್ಯವಸ್ಥೆಯು ವಸ್ತುಗಳನ್ನು ತಯಾರಿಸುವುದರ ಜೊತೆಗೆ ನಮ್ಮ ಮನಸ್ಸನ್ನೂ ತಿದ್ದುತ್ತದೆ. ಕೂಲಿ ಎಷ್ಟೋ ಅಷ್ಟೇ ಕೆಲಸದ ಬೆಲೆ ಎಂದು ಎಣಿಸಲು ಕಲಿಸುತ್ತದೆ. ಹಾಗಾಗಿ ಕಸ ಗುಡಿಸುವವಳ ಕೆಲಸವು ಕೀಳಾಗಿಯೂ, ನೆಲವನ್ನು ಕೊಂಡು ಮಾರುವವನದು ಮೇಲಾಗಿಯೂ ಕಾಣುತ್ತದೆ. ಕೆಳಗೆ ಬಿದ್ದವನಿಗೆ ಕೊಡುವ ನೆರವನ್ನು ಹಕ್ಕೆಂದು ತಿಳಿಯದೆ ಭಿಕ್ಷೆಯೆಂದು ತಿಳಿಯುವಂತೆ ಮಾಡುತ್ತದೆ. ಮನುಷ್ಯನು ಮಳೆಬಿಸಿಲಿನಿಂದ ಮೈಮರೆಸಿಕೊಳ್ಳುವ ಮನೆಯು ಬೆಳ್ಳಿಬಂಗಾರಗಳಂತೆ ಬೆಲೆ ಏರಲೆಂದು ಕೊಂಡಿಡುವ ಸರಕಾಗುತ್ತದೆ. ನಿಮ್ಮ ಪ್ರಬಂಧಗಳಲ್ಲಿ ಬಡವನೆಂದರೆ ಸೋಮಾರಿ ಎಂಬ ಮಾತು ಅಷ್ಟು ಸರಾಗವಾಗಿ ಬಂದುದು ಈ ಗಾಳಿಯಿಂದಲೇ ಎಂದು ನನಗೆ ತೋರುತ್ತದೆ. ವಿಶ್ವೇಶ್ವರಯ್ಯನವರು ಇದೇ ಗಾಳಿಯಲ್ಲಿ ಬಾಳಿದವರು. ಕೆಲವು ಕಡೆ ಅದರೊಡನೆ ನಡೆದರು, ಕೆಲವು ಕಡೆ ಅದಕ್ಕೆ ಎದುರಾಗಿ ನಡೆದರು.

ಇನ್ನು ನಮ್ಮ ನಗರದ ಕತೆಗೆ ಬರೋಣ. 1908ನೆಯ ಇಸವಿ ಸೆಪ್ಟೆಂಬರ್ 28ರಂದು ಮೂಸಿ ನದಿಯು ಉಕ್ಕಿ ಹೈದರಾಬಾದನ್ನು ಮುಳುಗಿಸಿತು. ನದಿಯ ಮೇಲ್ಭಾಗದ ಪ್ರದೇಶದಲ್ಲಿದ್ದ 788 ಕೆರೆಗಳಲ್ಲಿ 221 ಕೆರೆಗಳು ಒಡೆದು, ಒಂದರ ನೀರು ಮತ್ತೊಂದಕ್ಕೆ ನುಗ್ಗಿ, ಪ್ರಳಯದಂತೆ ನಗರದ ಮೇಲೆರಗಿತು. ಸೇತುವೆಗಳು ಕೊಚ್ಚಿಹೋದವು. ಸುಮಾರು 15,000 ಜನರು ಪ್ರಾಣ ಕಳೆದುಕೊಂಡರೆಂದು ಅಂದಾಜು. ಸುಮಾರು 19,000 ಮನೆಗಳು ಕುಸಿದು, 80,000 ಜನರು ನಿರಾಶ್ರಿತರಾದರು. ಅಫ್ಜಲ್‌ಗಂಜಿನ ಹುಣಿಸೆಯ ಮರವೊಂದನ್ನು ಏರಿ ಕುಳಿತ ಸುಮಾರು ನೂರೈವತ್ತು ಜನರು ಬದುಕಿ ಉಳಿದರು. ಉಸ್ಮಾನಿಯಾ ಆಸ್ಪತ್ರೆಯ ಆವರಣದಲ್ಲಿರುವ ಆ ಮರವನ್ನು ನಿಮ್ಮಲ್ಲಿ ಕೆಲವರಾದರೂ ಕಂಡಿರಬಹುದು.

ನೀರು ಬಡವನನ್ನೂ ಬಲ್ಲಿದನನ್ನೂ ಬೇರೆ ಮಾಡಿ ನೋಡದು ಎಂಬ ಮಾತಿದೆ. ಆದರೆ ನೀರು ಬರುವ ಮೊದಲೇ ಊರು ಅವರನ್ನು ಬೇರೆ ಮಾಡಿರುತ್ತದೆ. ಎತ್ತರದ ನೆಲಕ್ಕೆ ಬೆಲೆ ಹೆಚ್ಚು. ನದಿಯ ಅಂಚಿನ ತಗ್ಗಿನ ನೆಲಕ್ಕೆ ಬೆಲೆ ಕಡಿಮೆ. ದುಡಿಯುವವನು ಕೆಲಸಕ್ಕೆ ಹತ್ತಿರವಾಗಿರಲೆಂದು ಆ ತಗ್ಗಿನಲ್ಲೇ ಮಣ್ಣಿನ ಗೋಡೆಯನ್ನು ಎಬ್ಬಿಸಿಕೊಳ್ಳುತ್ತಾನೆ. ಪ್ರವಾಹವು ಬಂದಾಗ ಕಲ್ಲುಗಾರೆಯ ಮನೆಯು ನಿಲ್ಲುತ್ತದೆ, ಮಣ್ಣಿನ ಗೋಡೆಯು ಕರಗುತ್ತದೆ.

ಮುಂಬಯಿಯ ಸೇವೆಯಿಂದ ನಿವೃತ್ತರಾಗಿ ವಿದೇಶ ಪ್ರವಾಸದಲ್ಲಿದ್ದ ವಿಶ್ವೇಶ್ವರಯ್ಯನವರಿಗೆ ನಿಜಾಮ ಸರಕಾರದ ಕರೆಯು ಇಟಲಿಯಲ್ಲಿ ತಲಪಿತು. ಆಗ ಆರನೆಯ ನಿಜಾಮರಾದ ಮೀರ್ ಮಹಬೂಬ್ ಅಲಿ ಖಾನರು ಆಳುತ್ತಿದ್ದರು. 1909ರ ಏಪ್ರಿಲಿನಲ್ಲಿ ವಿಶ್ವೇಶ್ವರಯ್ಯನವರು ಹೈದರಾಬಾದಿಗೆ ಬಂದು ಕೆಲಸಕ್ಕೆ ತೊಡಗಿದರು. ಮೂಸಿಯ ಉಗಮದಿಂದ ಹಿಡಿದು ಮಳೆಯ ಲೆಕ್ಕ, ಕೆರೆಗಳ ಲೆಕ್ಕ, ನೀರಿನ ವೇಗ ಇವೆಲ್ಲವನ್ನೂ ಅಳೆಯಿಸಿ, ಆ ವರ್ಷದ ಅಕ್ಟೋಬರಿನಲ್ಲಿ ತಮ್ಮ ವರದಿಯನ್ನು ಸಲ್ಲಿಸಿದರು. ನಗರದ ಮೇಲ್ಭಾಗದಲ್ಲಿ ಮೂಸಿಗೂ ಅದರ ಉಪನದಿ ಈಸಿಗೂ ಒಂದೊಂದು ಜಲಾಶಯವನ್ನು ಕಟ್ಟಿ, ಮಹಾಮಳೆಯ ನೀರನ್ನು ಅಲ್ಲಿ ತಡೆದು ನಿಧಾನವಾಗಿ ಬಿಡಬೇಕೆಂಬುದು ಅದರ ಮುಖ್ಯ ಸಲಹೆ. ಅದರೊಡನೆ ನಗರದೊಳಗೆ ನದಿಯ ಎರಡು ದಡಗಳನ್ನೂ ಕಟ್ಟೆಗಳಿಂದ ಭದ್ರಪಡಿಸಬೇಕು, ದಡದಲ್ಲಿ ತೋಟಗಳನ್ನು ಬೆಳೆಸಬೇಕು, ಕೊಳಚೆಯ ನೀರು ನೆಲದಡಿಯ ಚರಂಡಿಗಳಲ್ಲಿ ಹರಿದುಹೋಗಬೇಕು ಎಂದೂ ಸೂಚಿಸಿದರು. ನವೆಂಬರಿನಲ್ಲಿ ಮೈಸೂರಿನ ಕರೆ ಬಂದುದರಿಂದ ಅವರು ಅಲ್ಲಿಗೆ ಮುಖ್ಯ ಇಂಜಿನಿಯರರಾಗಿ ತೆರಳಿದರು. ಅವರ ಯೋಜನೆಯನ್ನು ಬೇರೆ ಇಂಜಿನಿಯರರೂ, ಹೆಸರು ಉಳಿಯದ ಸಾವಿರಾರು ಕೂಲಿಕಾರರೂ ಸೇರಿ ಕಟ್ಟಿ ನಿಲ್ಲಿಸಿದರು. 1920ರಲ್ಲಿ ಉಸ್ಮಾನ್ ಸಾಗರವೂ, 1927ರಲ್ಲಿ ಹಿಮಾಯತ್ ಸಾಗರವೂ ಮುಗಿದವು. ನಗರದ ಚರಂಡಿಯ ಕೆಲಸವನ್ನು ಮುಂದುವರಿಸಲು ಸರಕಾರವು 1922ರಲ್ಲಿ ಅವರನ್ನು ಮತ್ತೆ ಕರೆಯಿಸಿಕೊಂಡಿತು.

ಏಳನೆಯ ನಿಜಾಮರಾದ ಮೀರ್ ಉಸ್ಮಾನ್ ಅಲಿ ಖಾನರ ಆಳ್ವಿಕೆಯಲ್ಲಿ, 1912ರಲ್ಲಿ, ನಗರ ಸುಧಾರಣಾ ಮಂಡಳಿಯು ಸ್ಥಾಪಿತವಾಯಿತು. ಇಕ್ಕಟ್ಟಾದ, ಗಾಳಿಬೆಳಕಿಲ್ಲದ ಕೇರಿಗಳನ್ನು ತೆಗೆದು, ಅಗಲವಾದ ರಸ್ತೆಗಳನ್ನು ಮಾಡುವುದರೊಡನೆ, ಜನರಿಗೆ ಬಾಡಿಗೆಗೆ ಕೊಡಲು ಮನೆಗಳನ್ನೂ ಅದು ಕಟ್ಟಿಸಿತು.

ಈಗ ವಿಚಾರ ಮಾಡಿ ನೋಡಿರಿ. ಜಲಾಶಯದಿಂದ ಬರುವ ಲಾಭವನ್ನು ಯಾವ ವ್ಯಾಪಾರಿಯೂ ತನ್ನ ಪೆಟ್ಟಿಗೆಯೊಳಗೆ ಹಾಕಿಕೊಳ್ಳಲಾರನು. ಪ್ರವಾಹವು ಬಾರದಿದ್ದುದಕ್ಕೆ ಯಾರಿಂದ ಹಣ ವಸೂಲು ಮಾಡುವುದು? ಹಣದ ಸ್ವಭಾವಕ್ಕೆ ಬಿಟ್ಟಿದ್ದರೆ ಆ ಕಟ್ಟೆಗಳು ಎಂದೂ ಏಳುತ್ತಿರಲಿಲ್ಲ. ಅವು ಎದ್ದ ಮೇಲೆ ಅರಮನೆಗೂ ಗುಡಿಸಲಿಗೂ ಒಂದೇ ಕಾವಲು ದೊರೆಯಿತು. ಉಸ್ಮಾನ್ ಸಾಗರದ ನೀರನ್ನು ನವಾಬನೂ ಕುಡಿದನು, ಹಮಾಲನೂ ಕುಡಿದನು. ಆ ನೀರನ್ನು ಕುಡಿದ ಹಮಾಲನನ್ನು ಯಾರೂ ಭಿಕ್ಷುಕನೆಂದು ಕರೆಯಲಿಲ್ಲ. ಹಿತವು ಎಲ್ಲರಿಗೂ ಸಮನಾಗಿ ಹರಿದಾಗ ಅದರಲ್ಲಿ ಅವಮಾನವಿಲ್ಲವೆಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನವು ನಮ್ಮ ನಗರದಲ್ಲಿ ಇನ್ನೊಂದಿಲ್ಲ.

ಮೈಸೂರಿನಲ್ಲಿ ವಿಶ್ವೇಶ್ವರಯ್ಯನವರು 1911ರಲ್ಲಿ ಕಾವೇರಿಗೆ ಕನ್ನಂಬಾಡಿಯಲ್ಲಿ ಅಣೆಕಟ್ಟೆಯ ಕೆಲಸವನ್ನು ಆರಂಭಿಸಿದರು. ಕೋಲಾರದ ಚಿನ್ನದ ಗಣಿಗಳಿಗೆ ಎಡೆಬಿಡದೆ ವಿದ್ಯುಚ್ಛಕ್ತಿಯನ್ನು ಮಾರಿ ಹಣ ಗಳಿಸುವುದು, ಆ ಹಣದ ಬಲದಿಂದ ಮಂಡ್ಯದ ಒಣಭೂಮಿಗೆ ನೀರುಣಿಸುವುದು ಅವರ ಲೆಕ್ಕಾಚಾರವಾಗಿತ್ತು. ಸುಣ್ಣಸುರಕಿಯ ಗಾರೆಯಿಂದಲೇ ಆ ಮಹಾ ಅಣೆಕಟ್ಟೆಯು ಎದ್ದಿತು. ಮಂಡ್ಯದ ಬಯಲು ಹಸಿರಾಯಿತು. ಅದೇ ನೀರಿನಲ್ಲಿ ಹಳೆಯ ಕನ್ನಂಬಾಡಿಯೂ ಇತರ ಹಳ್ಳಿಗಳೂ ಮುಳುಗಿದವು. ಅಲ್ಲಿಯ ಜನರು ಬೇರೆ ಕಡೆ ಹೊಸ ಊರನ್ನು ಕಟ್ಟಿಕೊಂಡರು. ಒಬ್ಬರ ಗದ್ದೆಗೆ ನೀರು ಬರಲು ಇನ್ನೊಬ್ಬರು ಮನೆಯನ್ನು ಬಿಟ್ಟೇಳಬೇಕಾಯಿತೆಂಬುದನ್ನು ಮರೆಯಬಾರದು.

1912ರಿಂದ 1918ರವರೆಗೆ ಅವರು ನಾಲ್ವಡಿ ಕೃಷ್ಣರಾಜ ಒಡೆಯರ ದಿವಾನರಾಗಿದ್ದರು. ದಿವಾನಗಿರಿಯನ್ನು ಒಪ್ಪುವ ಮೊದಲು ಬಂಧುಗಳನ್ನೆಲ್ಲ ಕರೆದು, ತಮ್ಮಿಂದ ಯಾವ ಸಹಾಯವನ್ನೂ ಕೇಳಕೂಡದೆಂದು ಮಾತು ಪಡೆದರೆಂದು ಹೇಳುವರು. 1913ರಲ್ಲಿ ಮೈಸೂರು ಬ್ಯಾಂಕು, 1916ರಲ್ಲಿ ಮೈಸೂರು ವಿಶ್ವವಿದ್ಯಾನಿಲಯ ಮತ್ತು ಗಂಧದ ಎಣ್ಣೆಯ ಕಾರ್ಖಾನೆ, 1917ರಲ್ಲಿ ಬೆಂಗಳೂರಿನ ಇಂಜಿನಿಯರಿಂಗ್ ಕಾಲೇಜು, 1918ರಲ್ಲಿ ಸಾಬೂನು ಕಾರ್ಖಾನೆ ಇವೆಲ್ಲ ಅವರ ಕಾಲದ ಫಲಗಳು. ನಮ್ಮ ಭಾಷೆಯ ಹಿರಿಯ ಸಂಸ್ಥೆಯಾದ ಕನ್ನಡ ಸಾಹಿತ್ಯ ಪರಿಷತ್ತು 1915ರಲ್ಲಿ ಹುಟ್ಟಿದುದೂ ಅವರ ದಿವಾನಗಿರಿಯಲ್ಲಿಯೇ. ಖಾಸಗಿ ಹಣವಂತರು ಮುಂದೆ ಬಾರದ ಕಡೆ ಸರಕಾರವೇ ಬಂಡವಾಳವನ್ನು ಹೂಡಿ ಕಾರ್ಖಾನೆಯನ್ನು ತೆರೆಯಬೇಕೆಂಬುದು ಅವರ ಕ್ರಮವಾಗಿತ್ತು. ಯಂತ್ರವನ್ನೂ ಲಾಭನಷ್ಟದ ಲೆಕ್ಕವನ್ನೂ ಅವರು ಬಂಡವಾಳಗಾರರಿಂದ ಕಲಿತರು. ಆದರೆ ನಾಡಿಗೆ ಏನು ಬೇಕೆಂಬುದನ್ನು ನಿರ್ಣಯಿಸುವ ಅಧಿಕಾರವನ್ನು ಲಾಭಕ್ಕೆ ಪೂರ್ತಿಯಾಗಿ ಬಿಟ್ಟುಕೊಡಲಿಲ್ಲ.

ಇದಕ್ಕೆ ಭದ್ರಾವತಿಯ ಕಬ್ಬಿಣದ ಕಾರ್ಖಾನೆಯು ದೊಡ್ಡ ಸಾಕ್ಷಿ. ಮಲೆನಾಡಿನ ಸೌದೆಯ ಇದ್ದಲಿನಿಂದ ಕಬ್ಬಿಣವನ್ನು ಕರಗಿಸುವ ಆ ಕಾರ್ಖಾನೆಯಲ್ಲಿ 1923ರಲ್ಲಿ ಉತ್ಪಾದನೆಯು ಆರಂಭವಾಯಿತು. ಮೊದಲ ಮಹಾಯುದ್ಧವು ಮುಗಿದು ಕಬ್ಬಿಣದ ಬೆಲೆಯು ಕುಸಿದಿದ್ದುದರಿಂದ ನಷ್ಟದ ಮೇಲೆ ನಷ್ಟ ಬಂದಿತು. ಮುಚ್ಚಿಬಿಡುವುದೇ ಲೇಸೆಂದು ಹಲವರು ಭಾವಿಸಿದ್ದ ಕಾಲದಲ್ಲಿ ವಿಶ್ವೇಶ್ವರಯ್ಯನವರು ಅದರ ಮಂಡಳಿಯ ಅಧ್ಯಕ್ಷತೆಯನ್ನು ವಹಿಸಿ, 1929ರವರೆಗೆ ದುಡಿದು, ವಿದೇಶೀ ತಜ್ಞರ ಸ್ಥಾನದಲ್ಲಿ ನಮ್ಮವರನ್ನೇ ತರಬೇತಿಗೊಳಿಸಿ, ಅದನ್ನು ಉಳಿಸಿದರು. ಕಾಡಿನ ಅಂಚಿನಲ್ಲಿ ಕಾರ್ಮಿಕರ ಊರೊಂದು ಬೆಳೆಯಿತು. ಆ ಸೇವೆಗಾಗಿ ತಮಗೆ ಸಲ್ಲಬೇಕಾಗಿದ್ದ ಸಂಭಾವನೆಯ ಹಣವನ್ನು ಅವರು ತೆಗೆದುಕೊಳ್ಳದೆ, ಯುವಕರಿಗೆ ಕೈಕಸುಬುಗಳನ್ನು ಕಲಿಸುವ ಸಂಸ್ಥೆಗೆ ವಿನಿಯೋಗಿಸುವಂತೆ ಮಾಡಿದರು. ಬೆಂಗಳೂರಿನಲ್ಲಿ 1943ರಲ್ಲಿ ತೆರೆದ ಆ ಸಂಸ್ಥೆಗೆ ತಮ್ಮ ಹೆಸರನ್ನು ಇಡಗೊಡದೆ ಮಹಾರಾಜರಾದ ಜಯಚಾಮರಾಜೇಂದ್ರರ ಹೆಸರನ್ನು ಇರಿಸಿದರು.

ಮಹನೀಯರ ಜೀವನವನ್ನು ಬರೆಯುವಾಗ ಅವರ ಗುಣಗಳನ್ನಷ್ಟೇ ಬರೆದರೆ ಓದುಗರಿಗೆ ಮೋಸ ಮಾಡಿದಂತಾಗುವುದು. ವಿಶ್ವೇಶ್ವರಯ್ಯನವರು ದೇಶದ ಬಡತನಕ್ಕೆ ಜನರ ಆಲಸ್ಯವನ್ನೂ ಶಿಸ್ತಿನ ಅಭಾವವನ್ನೂ ಕಾರಣವಾಗಿ ಮತ್ತೆ ಮತ್ತೆ ತೋರಿಸುತ್ತಿದ್ದರು. ಹೆಚ್ಚು ಉತ್ಪಾದಿಸಿದರೆ ಹಿತವು ತಾನಾಗಿ ಹಿಂಬಾಲಿಸುವುದೆಂದು ನಂಬಿದ್ದರು. ಗಾಂಧೀಜಿಯವರು ಚರಕ ಮತ್ತು ಗ್ರಾಮೋದ್ಯೋಗಗಳಲ್ಲಿ ಬಡವನ ಬಿಡುಗಡೆಯನ್ನು ಕಂಡರೆ, ಇವರು ದೊಡ್ಡ ಯಂತ್ರಗಳಲ್ಲಿ ಕಂಡರು.

ಇದಕ್ಕಿಂತ ದೊಡ್ಡ ಭಿನ್ನಾಭಿಪ್ರಾಯವು ಅವರಿಗೂ ಅವರನ್ನು ಬಹಳವಾಗಿ ಗೌರವಿಸುತ್ತಿದ್ದ ಮಹಾರಾಜರಿಗೂ ನಡುವೆ ಬಂದಿತು. ಮೈಸೂರಿನ ಸರಕಾರಿ ಹುದ್ದೆಗಳು ಬಹುಮಟ್ಟಿಗೆ ಒಂದೇ ಜಾತಿಯವರ ಪಾಲಾಗಿದ್ದವು. ಹಿಂದುಳಿದ ಸಮಾಜಗಳವರಿಗೂ ಅವು ದೊರೆಯುವಂತೆ ಮಾಡುವ ಬಗೆಯನ್ನು ಪರಿಶೀಲಿಸಲು ಮಹಾರಾಜರು 1918ರಲ್ಲಿ ನ್ಯಾಯಾಧೀಶ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಸಮಿತಿಯೊಂದನ್ನು ನೇಮಿಸಿದರು. ಹುದ್ದೆಗೆ ಯೋಗ್ಯತೆಯೊಂದೇ ಅಳತೆಗೋಲಾಗಿರಬೇಕು, ಶಿಕ್ಷಣವನ್ನು ಎಲ್ಲರಿಗೂ ಹರಡಿದರೆ ಉಳಿದುದು ಕಾಲಕ್ರಮದಲ್ಲಿ ಸರಿಹೋಗುವುದು ಎಂಬುದು ವಿಶ್ವೇಶ್ವರಯ್ಯನವರ ಅಭಿಪ್ರಾಯವಾಗಿತ್ತು. ಅವರು ದಿವಾನಗಿರಿಯನ್ನು ಬಿಟ್ಟುಕೊಟ್ಟರು. ಈ ವಿಷಯದಲ್ಲಿ ಮಹಾರಾಜರೇ ಹೆಚ್ಚು ದೂರ ಕಂಡರೆಂದು ನಾನು ವಿನಯದಿಂದ ಹೇಳುವೆನು. ಓಟದ ಗೆರೆಯಿಂದ ಹತ್ತು ಮಾರು ಹಿಂದೆ ನಿಲ್ಲಿಸಲ್ಪಟ್ಟವನಿಗೆ ಓಡುವ ಶಕ್ತಿಯನ್ನು ಬೆಳೆಸಿಕೋ ಎಂದು ಹೇಳುವುದರಿಂದಲೇ ನ್ಯಾಯವಾಗದು. ಹಿಂದೆ ಬಾಲಕ ವಿಶ್ವೇಶ್ವರಯ್ಯನಿಗೆ ದೊರೆತ ಸೋದರಮಾವನ ಸೂರೂ ಸರಕಾರದ ವಿದ್ಯಾರ್ಥಿವೇತನವೂ ಎಲ್ಲ ಮಕ್ಕಳಿಗೂ ದೊರೆತಿರಲಿಲ್ಲ.

ಅವರು 1934ರಲ್ಲಿ ಭಾರತಕ್ಕೆ ಯೋಜನಾಬದ್ಧ ಆರ್ಥಿಕ ವ್ಯವಸ್ಥೆ ಬೇಕೆಂಬುದನ್ನು ಪ್ರತಿಪಾದಿಸುವ ಗ್ರಂಥವನ್ನು ಪ್ರಕಟಿಸಿದರು. ಸ್ವತಂತ್ರ ಭಾರತವು ಪಂಚವಾರ್ಷಿಕ ಯೋಜನೆಗಳನ್ನು ಕೈಗೊಳ್ಳುವುದಕ್ಕೆ ಎಷ್ಟೋ ವರ್ಷಗಳ ಮೊದಲಿನ ಮಾತಿದು. ತೊಂಬತ್ತನ್ನು ದಾಟಿದ ಮೇಲೆಯೂ ಗಂಗಾ ನದಿಗೆ ಬಿಹಾರದಲ್ಲಿ ಕಟ್ಟಬೇಕಾಗಿದ್ದ ಸೇತುವೆಯ ಸ್ಥಳವನ್ನು ನಿರ್ಣಯಿಸಲು ಪ್ರಯಾಣ ಮಾಡಿದರು. 1955ರಲ್ಲಿ ಭಾರತರತ್ನ ಪ್ರಶಸ್ತಿಯು ಅವರಿಗೆ ಸಂದಿತು. ನೂರು ವರ್ಷಗಳು ತುಂಬಿದ ಬಳಿಕ, 1962ರ ಏಪ್ರಿಲಿನಲ್ಲಿ, ಬೆಂಗಳೂರಿನಲ್ಲಿ ಕೀರ್ತಿಶೇಷರಾದರು. ಅವರ ಜನ್ಮದಿನವನ್ನು ನಮ್ಮ ದೇಶವು ಇಂಜಿನಿಯರುಗಳ ದಿನವೆಂದು ಆಚರಿಸುತ್ತದೆ.

ಅವರು ಬಿಟ್ಟುಹೋದ ಕೆಲಸಗಳ ಗತಿಯೇನಾಯಿತೆಂಬುದನ್ನೂ ನಾವು ತಿಳಿಯಬೇಕು. ಮುಂದೆ ಅವರ ಹೆಸರನ್ನೇ ಹೊತ್ತ ಭದ್ರಾವತಿಯ ಕಾರ್ಖಾನೆಯನ್ನು ನಷ್ಟದ ಕಾರಣದಿಂದ ಮುಚ್ಚುವ ನಿರ್ಧಾರವು 2023ರ ಜನವರಿಯಲ್ಲಿ ಪ್ರಕಟವಾಯಿತು. ಗುತ್ತಿಗೆಯ ಕಾರ್ಮಿಕರು ಬೀದಿಗಿಳಿದು ಹೋರಾಡಿದರು. ಅವರೇನು ಒಂದೇ ರಾತ್ರಿಯಲ್ಲಿ ಸೋಮಾರಿಗಳಾಗಿದ್ದರೇ? ನಿನ್ನೆಯ ತೋಳುಗಳೇ ಇಂದೂ ಇದ್ದವು. ಲೆಕ್ಕದ ಪುಸ್ತಕವು ಮಾತ್ರ ಬೇರೆಯ ಮಾತನ್ನು ಹೇಳಿತು.

ನಮ್ಮ ನಗರದ ಎರಡು ಸಾಗರಗಳ ಸುತ್ತ ಹತ್ತು ಕಿಲೋಮೀಟರುಗಳೊಳಗೆ ದೊಡ್ಡ ಕಟ್ಟಡಗಳು ಏಳದಂತೆ 1996ರಲ್ಲಿ 111ನೆಯ ಸರಕಾರಿ ಆಜ್ಞೆಯು ನಿರ್ಬಂಧವನ್ನು ವಿಧಿಸಿತ್ತು. ನೀರು ಬರುವ ದಾರಿಯು ಉಳಿಯಲೆಂಬುದೇ ಅದರ ಉದ್ದೇಶ. ನಗರವು ಹಬ್ಬಿ ಆ ನೆಲಕ್ಕೆ ಬಂಗಾರದ ಬೆಲೆ ಬಂದ ಮೇಲೆ, 2022ರಲ್ಲಿ ಆ ನಿರ್ಬಂಧವನ್ನು ಸಡಿಲಿಸುವ ಆಜ್ಞೆಯು ಹೊರಟು, ಅದರ ಮೇಲೆ ವಾದವಿವಾದಗಳು ನಡೆದವು. 2024ರಲ್ಲಿ ಮೂಸಿಯ ದಡವನ್ನು ಸುಧಾರಿಸುವ ಯೋಜನೆಗಾಗಿ ನದಿಯ ಅಂಚಿನ ಮನೆಗಳಿಗೆ ಗುರುತು ಹಾಕಿ ತೆರವುಗೊಳಿಸಲು ಮೊದಲಿಟ್ಟರು. ಹಲವು ಕುಟುಂಬಗಳಿಗೆ ಬೇರೆ ಕಡೆ ಎರಡು ಮಲಗುವ ಕೋಣೆಗಳ ಸರಕಾರಿ ಮನೆಗಳು ದೊರೆತವು; ಕೆಲಸದ ಸ್ಥಳವೂ ಮಕ್ಕಳ ಶಾಲೆಯೂ ದೂರವಾಗುವುವೆಂದು ಕಣ್ಣೀರಿಟ್ಟವರೂ ಇದ್ದರು. ನದಿಯ ಅಂಚು ವಾಸಕ್ಕೆ ಅಪಾಯದ ಸ್ಥಳವೆಂಬುದು 1908ರಷ್ಟೇ ಇಂದೂ ನಿಜ. ಆದರೆ ಅಲ್ಲಿ ಮನೆ ಕಟ್ಟಿದವನು ಅಪಾಯವನ್ನು ಬಯಸಿ ಕಟ್ಟಿದವನಲ್ಲ, ಬೇರೆಲ್ಲಿಯೂ ನೆಲ ಸಿಕ್ಕದೆ ಕಟ್ಟಿದವನು ಎಂಬುದೂ ಅಷ್ಟೇ ನಿಜ.

ಇಷ್ಟನ್ನು ಓದಿದ ಮೇಲೆ ನಾನು ಆ ಹುಡುಗನ ಪುಸ್ತಕದಲ್ಲಿ ಉತ್ತರವನ್ನು ಬರೆದೆನು. ಅವನ ಮನೆಯಲ್ಲಿ ಸೋಮಾರಿಗಳು ಯಾರೂ ಇಲ್ಲವೆಂದು ಮೊದಲು ಬರೆದೆನು. ದುಡಿಮೆಯು ಸಂಪತ್ತನ್ನು ಹುಟ್ಟಿಸುತ್ತದೆ, ಆದರೆ ಅದನ್ನು ಹಂಚುವುದು ದುಡಿಮೆಯ ಕೈಯಲ್ಲಿಲ್ಲ. ಹಂಚಿಕೆಯನ್ನು ಮನುಷ್ಯರು ಕಾನೂನಿನಿಂದಲೂ ಯೋಜನೆಯಿಂದಲೂ ಮಾಡಬೇಕಾಗುತ್ತದೆ ಎಂದು ಆಮೇಲೆ ಬರೆದೆನು. ನೀರನ್ನು ಹೆಚ್ಚು ಊರುಗಳಿಗೆ ಹಂಚಲು ಬ್ಲಾಕ್ ಪದ್ಧತಿಯನ್ನು ಕಂಡುಹಿಡಿದ ಮಹನೀಯರೊಬ್ಬರು ನಮಗಿದ್ದರು. ಮನೆಗಳನ್ನು ಹಾಗೆಯೇ ಹಂಚುವ ಪದ್ಧತಿಯನ್ನು ಕಂಡುಹಿಡಿಯುವ ಕೆಲಸವು ಇನ್ನೂ ಉಳಿದಿದೆಯೆಂದು ಕೊನೆಯಲ್ಲಿ ಬರೆದೆನು.

ಪ್ರಿಯ ವಿದ್ಯಾರ್ಥಿಗಳೇ, ನಿಮ್ಮಲ್ಲಿ ಹಲವರ ತಂದೆತಾಯಿಗಳು ಕಲಬುರಗಿ, ಯಾದಗಿರಿ, ರಾಯಚ���ರುಗಳಿಂದ ಬಂದು ಈ ನಗರವನ್ನು ಕಟ್ಟುತ್ತಿರುವರು. ವಿಶ್ವೇಶ್ವರಯ್ಯನವರಿಂದ ಹೊತ್ತಿನ ಬೆಲೆಯನ್ನೂ, ಲೆಕ್ಕದ ನಿಖರತೆಯನ್ನೂ, ಸಾರ್ವಜನಿಕರ ಹಣವನ್ನು ಮುಟ್ಟದ ಶುಚಿತ್ವವನ್ನೂ ಕಲಿಯಿರಿ. ನಾಳೆ ನೀವು ಇಂಜಿನಿಯರರೋ, ಮೇಸ್ತ್ರಿಗಳೋ, ಅಧಿಕಾರಿಗಳೋ ಆದಾಗ ಕಟ್ಟಡದ ಅಂತಸ್ತುಗಳನ್ನು ಎಣಿಸುವುದರೊಡನೆ, ಅದನ್ನು ಕಟ್ಟಿದವರು ರಾತ್ರಿ ಎಲ್ಲಿ ಮಲಗಿದರೆಂಬುದನ್ನೂ ವಿಚಾರಿಸಿರಿ. ಮುಂದಿನ ವರ್ಷ ಪ್ರವಾಸಕ್ಕೆ ನಿಮ್ಮನ್ನು ಗಂಡಿಪೇಟೆಯ ಕಟ್ಟೆಗೆ ಕರೆದುಕೊಂಡು ಹೋಗಬೇಕೆಂದು ನನ್ನ ಆಸೆ. ಕಟ್ಟೆಯ ಕಲ್ಲುಗಳನ್ನು ಆ ಹುಡುಗನು ಮುಟ್ಟಿ ನೋಡಲಿ. ಅವನ ತಂದೆಯಂಥವರೇ ಅವನ್ನು ಹೊತ್ತು ತಂದರು.